ಗುರುದೀಕ್ಷೆಗೆ ಉಡುಗೊರೆ ಹುಡುಕುತ್ತಾ ಓದಿದ ಮೂರು ಪುಸ್ತಕಗಳು

ಗುರುದೀಕ್ಷೆಗೆ, ಅಂದರೆ ಕಥೋಲಿಕ ಚರ್ಚಿನಲ್ಲಿ ಒಬ್ಬ ಪಾದ್ರಿಯಾಗುವ ಸಮಾರಂಭಕ್ಕೆ, ಹೋಗುವಾಗ ಏನು ಕೊಡುವುದು? ನಮ್ಮ ಕಡೆ ಶಾಲು, ಹಾರ, ಕವರಿನಲ್ಲಿ ಒಂದಿಷ್ಟು ದುಡ್ಡು. ಅನುಕೂಲ ಇದ್ದವರು ಪೂಜಾವಸ್ತ್ರ ಹೊಲಿಸಿ ಕೊಡುತ್ತಾರೆ. ತಂಗಿಯ ಮಗ ಗುರುಮಠದ (ಸೆಮಿನರಿಯ) ಓದು ಮುಗಿಸಿ ಉಪಯಾಜಕ (ಪಾದ್ರಿಯಾಗುವ ಹಿಂದಿನ ಮೆಟ್ಟಿಲು) ಆಗಿದ್ದಾನೆ, ಇನ್ನು ಗುರುದೀಕ್ಷೆ ಒಂದೇ ಬಾಕಿ. ಅವನಿಗೊಂದು ಪುಸ್ತಕ ಕೊಡೋಣ ಅಂತ ಅಂಗಡಿಗೆ ಹೋದರೆ ಯಾಜಕತ್ವದ ಬಗ್ಗೆ ಕಪಾಟು ತುಂಬ ಇದೆ. ಮುಖಪುಟಗಳೆಲ್ಲ ಹೆಚ್ಚುಕಡಿಮೆ ಒಂದೇ ಥರ. ಮೇಲೆತ್ತಿದ ಎರಡು ಕೈ, ಕೈಯಲ್ಲಿ ರೊಟ್ಟಿ, ಹಿಂದೆ ಬೆಳಕು. ಒಳಗಿನ ಪುಟಗಳಲ್ಲೂ ಬರೀ ಬೆಳಕೇ.

ಬೇಡ ಅನ್ನಲಾರೆ. ಆದರೆ ನಾನು ನಮ್ಮ ಧರ್ಮಕೇಂದ್ರದ, ಅಂದರೆ ನಮ್ಮ ಚರ್ಚಿನ, ಪಾಲನಾ ಸಮಿತಿಯಲ್ಲಿ ಲೆಕ್ಕ ಬರೆಯುವವಳು. ಒಬ್ಬ ಫಾದರ್ ಅವರ ದಿನ ಹೇಗೆ ಕಳೆಯುತ್ತದೆ ಅಂತ ಹತ್ತಿರದಿಂದ ನೋಡುತ್ತೇನೆ. ಸ್ಮಶಾನದ ಕಾಂಪೌಂಡು, ಗಾಯನವೃಂದದ ಮುನಿಸು, ಕೆಟ್ಟ ಮೈಕು, ಜ್ಞಾನಸ್ನಾನದ ಸರ್ಟಿಫಿಕೇಟ್ ಇವತ್ತೇ ಬೇಕು ಅಂತ ಕೂತವರು. ದೀಕ್ಷೆಯ ದಿನ ಚಂದ. ಅಭ್ಯರ್ಥಿ ಪೀಠದ ಮುಂದೆ ಬೋರಲು ಮಲಗುತ್ತಾನೆ, ಸಂತರ ಪ್ರಾರ್ಥನಾಮಾಲೆ ಹಾಡುತ್ತಾರೆ, ಧರ್ಮಾಧ್ಯಕ್ಷರು (ಬಿಷಪ್) ಮಾತಿಲ್ಲದೆ ತಲೆಯ ಮೇಲೆ ಕೈ ಇಡುತ್ತಾರೆ. ಆಮೇಲೆ ಅಲ್ಲಿರುವ ಗುರುಗಳೆಲ್ಲ ಒಬ್ಬೊಬ್ಬರಾಗಿ ಬಂದು ಕೈ ಇಡುತ್ತಾರೆ. ಅಂಗೈಗೆ ಪವಿತ್ರ ತೈಲ ಹಚ್ಚುತ್ತಾರೆ. ಅಲ್ಲಿಗೆ ಬಂದವರೆಲ್ಲ ಕಣ್ಣು ಒರೆಸಿಕೊಳ್ಳುತ್ತಾರೆ. ನನಗೆ ಬೇಕಿದ್ದದ್ದು ಅದರ ಮಾರನೇ ದಿನದ ಪುಸ್ತಕ.

ಕೊನೆಗೆ ಮೂರು ಹಳೆಯ ಪುಸ್ತಕ ಕೊಂಡು ತಂದೆ. ಮೂರನ್ನೂ ಓದಿದ್ದು ಇಂಗ್ಲಿಷಿನಲ್ಲಿ.

ಮೊದಲನೆಯದು ಸಂತ ಜಾನ್ ಕ್ರಿಸೋಸ್ತೊಮ್ ಬರೆದ 'ಯಾಜಕತ್ವದ ಬಗ್ಗೆ'. 4ನೇ ಶತಮಾನದ್ದು, ಆರು ಭಾಗಗಳ ಸಂಭಾಷಣೆ. ಮೂಲ ಗ್ರೀಕ್. ಇದು ಶುರುವಾಗುವ ರೀತಿ ನೋಡಿ. ಜಾನ್ ಮತ್ತು ಬೆಸಿಲ್ ಗೆಳೆಯರು. ಇಬ್ಬರನ್ನೂ ಹಿಡಿದು ದೀಕ್ಷೆ ಕೊಡುತ್ತಾರಂತೆ ಅಂತ ಸುದ್ದಿ ಬರುತ್ತದೆ. ಆ ಕಾಲದಲ್ಲಿ ಹಾಗೆ ಬಲವಂತ ಮಾಡುವುದೂ ಇತ್ತು. ನಾನೂ ಜೊತೆಗಿದ್ದೇನೆ ಅನ್ನುವ ಹಾಗೆ ಗೆಳೆಯನನ್ನು ನಂಬಿಸಿ ಜಾನ್ ಆ ಹೊತ್ತಿಗೆ ಅಡಗಿಕೊಂಡುಬಿಡುತ್ತಾನೆ. ಬೆಸಿಲ್ ಸಿಕ್ಕಿಬೀಳುತ್ತಾನೆ, ದೀಕ್ಷೆಯೂ ಆಗುತ್ತದೆ. ಅಳುತ್ತಾ ಬಂದು ಯಾಕೆ ಹೀಗೆ ಮಾಡಿದೆ ಅಂತ ಕೇಳಿದರೆ ಈತ ನಗುತ್ತಾನೆ! ಉಳಿದ ಪುಸ್ತಕವೆಲ್ಲ ತಾನು ಯಾಕೆ ತಪ್ಪಿಸಿಕೊಂಡೆ ಅನ್ನುವುದಕ್ಕೆ ಕೊಟ್ಟ ಸಮಜಾಯಿಷಿ. ಆ ಕೆಲಸ ನನ್ನಂಥವನ ಕೈಲಿ ಆಗುವುದಿಲ್ಲ, ನಿನ್ನಂಥವನ ಕೈಲಿ ಆಗುತ್ತದೆ ಅನ್ನುವ ವಾದ. ತಮಾಷೆ ಅಂದರೆ 386ರಲ್ಲಿ ಅಂತಿಯೋಕ್ಯದಲ್ಲಿ ಈತನಿಗೂ ಯಾಜಕದೀಕ್ಷೆ ಆಯಿತು. ಮುಂದೆ ಕಾನ್‌ಸ್ಟಾಂಟಿನೋಪಲ್‌ನ ಮಹಾಧರ್ಮಾಧ್ಯಕ್ಷರಾಗಿ, ಅರಮನೆಯ ಸಿಟ್ಟಿಗೆ ಗುರಿಯಾಗಿ, 407ರಲ್ಲಿ ಗಡೀಪಾರಿನಲ್ಲೇ ತೀರಿಕೊಂಡರು.

ಇದರಲ್ಲಿ ನನಗೆ ತುಂಬ ಹಿಡಿಸಿದ್ದು ಮೂರನೇ ಭಾಗದ ಕೊನೆ. ಬಿಷಪ್ ದಿನಾ ಮನೆಮನೆ ಸುತ್ತದಿದ್ದರೆ ಜನಕ್ಕೆ ಬೇಜಾರು. ಶ್ರೀಮಂತರ ಮನೆಗೆ ಜಾಸ್ತಿ ಹೋದರೆ ಹೊಗಳುಭಟ್ಟ ಅನ್ನುತ್ತಾರೆ. ಅಷ್ಟೇ ಅಲ್ಲ, ಯಾರ ಕಡೆ ಹೇಗೆ ನೋಡಿದರು, ಯಾರನ್ನು ಕಂಡು ಬಾಯ್ತುಂಬ ನಕ್ಕರು, ಯಾರಿಗೆ ಅರ್ಧ ನಗೆ ಕೊಟ್ಟರು ಅಂತ ಅಳೆದು ತೂಗುತ್ತಾರೆ. ಸಾವಿರದ ಆರುನೂರು ವರ್ಷ ಹಿಂದಿನ ಮಾತು ಇದು! ಪೂಜೆ ಮುಗಿದ ಮೇಲೆ ನಮ್ಮ ಚರ್ಚಿನ ಮೆಟ್ಟಿಲ ಹತ್ತಿರ ಐದು ನಿಮಿಷ ನಿಂತರೆ ಇದನ್ನೇ ಕೇಳಬಹುದು. ಪ್ರಸಂಗಕ್ಕೆ, ಅಂದರೆ ಚರ್ಚಿನಲ್ಲಿ ಮಾಡುವ ಉಪದೇಶಕ್ಕೆ, ಸಿಗುವ ಚಪ್ಪಾಳೆಯ ಚಟದ ಬಗ್ಗೆಯೂ ಚೆನ್ನಾಗಿ ಬರೆದಿದ್ದಾರೆ. ಆದರೆ ಹೆಂಗಸರ ಬಗ್ಗೆ ಬಂದಾಗ ಮಾತ್ರ ನನಗೆ ತಡೆಯಲಾಗಲಿಲ್ಲ. ಸೇವೆಯಿಂದ ಹೊರಗಿಟ್ಟರೂ ತೆರೆಮರೆಯಲ್ಲಿ ನಿಂತು ಬೇಕಾದವರನ್ನು ನೇಮಿಸುತ್ತಾರೆ, ಬೇಡದವರನ್ನು ಕಳಿಸುತ್ತಾರೆ ಅಂತ ದೂರು. ಹೊರಗಿಟ್ಟ ಮೇಲೆ ಇನ್ನೇನು ಮಾಡಬೇಕಿತ್ತು ಸ್ವಾಮಿ? ಲೆಕ್ಕದ ಪುಸ್ತಕವನ್ನು ನಮ್ಮ ಕೈಗೆ ಕೊಟ್ಟಿದ್ದರೆ ಅಷ್ಟು ತೊಂದರೆ ಇರುತ್ತಿರಲಿಲ್ಲ. ಸೇಂಟ್ ವ್ಲಾಡಿಮಿರ್ಸ್ ಸೆಮಿನರಿ ಪ್ರೆಸ್‌ನ ಆವೃತ್ತಿ, ಗ್ರಹಾಂ ನೆವಿಲ್ ಅನುವಾದ. ಚಿಕ್ಕದು, ಬ್ಯಾಗಿನಲ್ಲಿ ಹಿಡಿಯುತ್ತದೆ.

ಎರಡನೆಯದು ಜಾರ್ಜ್ ಹರ್ಬರ್ಟ್ ಬರೆದ 'ದ ಕಂಟ್ರಿ ಪಾರ್ಸನ್'. ಈತ ಆಂಗ್ಲಿಕನ್, ಅಂದರೆ ಇಂಗ್ಲೆಂಡಿನ ಚರ್ಚಿನವನು. ದೊಡ್ಡ ಮನೆತನ, ಕೇಂಬ್ರಿಡ್ಜ್ ವಿಶ್ವವಿದ್ಯಾಲಯದ ಅಧಿಕೃತ ಭಾಷಣಕಾರನ ಹುದ್ದೆ, ಅರಮನೆಯಲ್ಲಿ ಪರಿಚಯ, ಎಲ್ಲಾ ಇತ್ತು. 1630ರಲ್ಲಿ ಸಾಲಿಸ್‌ಬರಿ ಹತ್ತಿರದ ಬೆಮರ್ಟನ್ ಅನ್ನುವ ಹಳ್ಳಿಗೆ ಪಾದ್ರಿಯಾಗಿ ಬಂದ. 1633ರಲ್ಲಿ, ನಲವತ್ತು ತುಂಬುವ ಮೊದಲೇ ಕ್ಷಯದಿಂದ ತೀರಿಕೊಂಡ. ಪುಸ್ತಕ ಅಚ್ಚಾಗಿದ್ದು 1652ರಲ್ಲಿ.

ಎಲ್ಲಾ ಪುಟ್ಟ ಪುಟ್ಟ ಅಧ್ಯಾಯಗಳು. ಹಳ್ಳಿಯ ಪಾದ್ರಿಗೆ ಉಳುಮೆ ಗೊತ್ತಿರಬೇಕು, ದನ ಮೇಯಿಸುವುದು ಗೊತ್ತಿರಬೇಕು, ಯಾಕೆಂದರೆ ಜನರಿಗೆ ಗೊತ್ತಿರುವುದರಿಂದಲೇ ಗೊತ್ತಿಲ್ಲದ್ದನ್ನು ಹೇಳಬೇಕು. ಕಾನೂನು ಸ್ವಲ್ಪ ಬರಬೇಕು, ಔಷಧಿ ಸ್ವಲ್ಪ ಬರಬೇಕು. ಪೇಟೆಯ ಔಷಧಿಗೆ ದುಡ್ಡು ಸುರಿಯುವ ಬದಲು ಹಿತ್ತಲಿನ ಸೊಪ್ಪುಗಳನ್ನು ತಿಳಿದುಕೊಳ್ಳಿ ಅನ್ನುತ್ತಾನೆ, ಪಟ್ಟು ಹಾಕುವುದಕ್ಕೆ ಯಾವ ಯಾವ ಗಿಡ ಸೇರಿಸಬೇಕು ಅಂತಲೂ ಬರೆಯುತ್ತಾನೆ. ಚರ್ಚಿನ ಗೋಡೆಗೆ ಗಾರೆ, ಕಿಟಕಿಗೆ ಗಾಜು, ಮೂಲೆಯಲ್ಲಿ ಜೇಡರ ಬಲೆ ಇರಕೂಡದು. ವಾರದ ದಿನಗಳಲ್ಲಿ ಮಧ್ಯಾಹ್ನ ಮನೆಗಳಿಗೆ ಹೋಗಬೇಕು, ಆಗಲೇ ಜನ ತಮ್ಮ ಕೆಲಸದ ನಡುವೆ ಇದ್ದ ಹಾಗೆ ಸಿಗುತ್ತಾರೆ. ಬಗ್ಗಿ ತೆವಳಿ ಒಳಗೆ ಹೋಗುವಂಥ ಗುಡಿಸಲಾದರೂ, ಎಷ್ಟೇ ನಾತ ಬಂದರೂ, ಹೋಗಲೇಬೇಕು. ಪ್ರಸಂಗ ಒಂದು ಗಂಟೆ ಮೀರಬಾರದು ಅಂತಲೂ ಇದೆ. ಅದನ್ನು ಓದಿ ನಾನು ಸ್ವಲ್ಪ ಹೆದರಿದೆ.

ಬೇಸರ ತರಿಸುವುದು ಒಂದೇ, ಈ ಪಾದ್ರಿಗೆ ಸುಸ್ತೇ ಆಗುವುದಿಲ್ಲ. ಯಾರ ಮೇಲೂ ರೇಗುವುದಿಲ್ಲ. ಲೇಖಕನಿಗೂ ಅದು ಗೊತ್ತು. ಗುರಿ ಎತ್ತರದಲ್ಲೇ ಇಡುತ್ತೇನೆ, ಮರಕ್ಕೆ ಬಾಣ ಹೂಡಿದವನಿಗಿಂತ ಚಂದ್ರನಿಗೆ ಹೂಡಿದವನದು ಮೇಲೆ ಹೋಗುತ್ತದೆ ಅಂತ ಮುನ್ನುಡಿಯಲ್ಲಿ ಹೇಳಿಬಿಡುತ್ತಾನೆ. ದುಡ್ಡು ಕೊಡಲೇಬೇಕು ಅಂತಿಲ್ಲ, ಹಕ್ಕುಸ್ವಾಮ್ಯ ಯಾವತ್ತೋ ಮುಗಿದಿದೆ, ನೆಟ್‌ನಲ್ಲಿ ಸಿಗುತ್ತದೆ. ನಾನು ತಗೊಂಡದ್ದು ಆತನ ಕವಿತೆಗಳ ಜೊತೆಗಿರುವ ಪೆಂಗ್ವಿನ್ ಆವೃತ್ತಿ.

ಮೂರನೆಯದರ ಬಗ್ಗೆ ಜಾಸ್ತಿ ಹೇಳಬೇಕು. ಜಾರ್ಜ್ ಬೆರ್ನಾನೋಸ್ ಫ್ರೆಂಚಿನಲ್ಲಿ ಬರೆದ ಕಾದಂಬರಿ 'ದ ಡೈರಿ ಆಫ್ ಎ ಕಂಟ್ರಿ ಪ್ರೀಸ್ಟ್', 1936ರದ್ದು. ಬರೆದವರು ಪಾದ್ರಿ ಅಲ್ಲ, ಆರು ಮಕ್ಕಳ ತಂದೆ. ಉತ್ತರ ಫ್ರಾನ್ಸಿನ ಅಂಬ್ರಿಕೂರ್ ಅನ್ನುವ ಹಳ್ಳಿ, ಅಲ್ಲಿಗೆ ಬಂದ ಎಳೆಯ ವಿಚಾರಣಾ ಗುರು, ಅಂದರೆ ಆ ಊರ ಚರ್ಚಿನ ಹೊಣೆ ಹೊತ್ತ ಪಾದ್ರಿ. ಅವನಿಗೆ ಹೆಸರೇ ಇಲ್ಲ. ಶಾಲೆಯ ನೋಟ್‌ಬುಕ್ಕಿನಲ್ಲಿ ಡೈರಿ ಬರೆಯುತ್ತಾನೆ. ಊರಿಗೆಲ್ಲ ಬೇಸರ ಧೂಳಿನ ಹಾಗೆ ಕೂತಿದೆ ಅಂತ ಮೊದಲಿಗೇ ಹೇಳುತ್ತಾನೆ. ಹೊಟ್ಟೆನೋವು. ಒಣ ರೊಟ್ಟಿಯನ್ನು ಸಕ್ಕರೆ ಹಾಕಿದ ಅಗ್ಗದ ವೈನಿನಲ್ಲಿ ಅದ್ದಿ ತಿನ್ನುತ್ತಾನೆ, ಬೇರೇನೂ ಹೊಟ್ಟೆಯಲ್ಲಿ ನಿಲ್ಲುವುದಿಲ್ಲ. ಊರಿನವರು ಕುಡುಕ ಅನ್ನುತ್ತಾರೆ.

ಮೊದಲ ಪರಮಪ್ರಸಾದಕ್ಕೆ (ಪೂಜೆಯ ರೊಟ್ಟಿಯನ್ನು ಮೊದಲ ಸಲ ಸ್ವೀಕರಿಸುವುದಕ್ಕೆ) ಮಕ್ಕಳನ್ನು ಸಿದ್ಧ ಮಾಡುವ ತರಗತಿ ಬರುತ್ತದೆ. ಸೆರಾಫಿಟಾ ಅನ್ನುವ ಹುಡುಗಿ ಒಬ್ಬಳೇ ಗಮನವಿಟ್ಟು ಕೇಳುತ್ತಾಳೆ. ಇವನಿಗೆ ಖುಷಿ. ಯಾಕಮ್ಮ ಇಷ್ಟು ಚೆನ್ನಾಗಿ ಕೇಳುತ್ತೀಯ ಅಂತ ಕೇಳಿದರೆ, ನಿಮ್ಮ ಕಣ್ಣು ಬಹಳ ಚಂದ ಇದೆ ಅನ್ನುತ್ತಾಳೆ. ಉಳಿದ ಹುಡುಗಿಯರು ಕಿಸಕ್ಕನೆ ನಗುತ್ತಾರೆ. ಮೊದಲೇ ಮಾತಾಡಿಕೊಂಡಿದ್ದರು! ಭಾನುವಾರ ಧರ್ಮೋಪದೇಶ ಕಲಿಸಿದವರಿಗೆ ಈ ನಗು ಗೊತ್ತು. ಮುಂದೆ ಇವನು ರಾತ್ರಿ ದಾರಿಯಲ್ಲಿ ಪ್ರಜ್ಞೆ ತಪ್ಪಿ ಬಿದ್ದಾಗ ಮುಖ ತೊಳೆಯುವವಳು ಇದೇ ಸೆರಾಫಿಟಾ.

ಊರಿನ ಕೌಂಟೆಸ್ ಜೊತೆ ನಡೆಯುವ ಮಾತುಕತೆಯೇ ಪುಸ್ತಕದ ಜೀವ. ಎಳೆಯ ಮಗನನ್ನು ಕಳೆದುಕೊಂಡವಳು ಅವಳು. ಪೂಜೆಗೆ ಬರುತ್ತಾಳೆ, ಎಲ್ಲಾ ಮಾಡುತ್ತಾಳೆ, ಒಳಗೆ ದೇವರ ಮೇಲೆ ವರ್ಷಗಳ ಸಿಟ್ಟು. ಈ ಬಡಪಾಯಿ ಪಾದ್ರಿ ಅವಳ ಎದುರು ಕೂತು ಒಂದು ಹೆಜ್ಜೆಯೂ ಹಿಂದೆ ಸರಿಯುವುದಿಲ್ಲ. ಸುಮ್ನೆ ಸಮಾಧಾನ ಹೇಳುವುದೂ ಇಲ್ಲ. ಕೊನೆಗೆ ಅವಳು ಮಗನ ಕೂದಲಿಟ್ಟ ಪದಕವನ್ನು ಕಿತ್ತು ಬೆಂಕಿಗೆ ಎಸೆಯುತ್ತಾಳೆ. ಇವನು ತಟ್ಟನೆ ಬೆಂಕಿಗೆ ಕೈ ಹಾಕುತ್ತಾನೆ. ದೇವರೇನು ಕಟುಕನೇ ಅಂತ ಗದರುತ್ತಾನೆ. ಆಮೇಲೆ ಅವಳಿಂದ ಕಾಗದ ಬರುತ್ತದೆ, ಮನಸ್ಸಿಗೆ ನೆಮ್ಮದಿ ಸಿಕ್ಕಿತು ಅಂತ. ಆ ರಾತ್ರಿಯೇ ಸಾಯುತ್ತಾಳೆ. ಪಾದ್ರಿಯೇ ಪೀಡಿಸಿ ಕೊಂದ ಅಂತ ಊರೆಲ್ಲ ಗುಸುಗುಸು. ಕಾಗದ ಅವನ ಹತ್ತಿರವೇ ಇದೆ. ತೋರಿಸಿದ್ದರೆ ಎಲ್ಲರ ಬಾಯಿ ಮುಚ್ಚುತ್ತಿತ್ತು. ತೋರಿಸುವುದಿಲ್ಲ.

ಇಲ್ಲಿ ನಾನು ಪುಸ್ತಕ ಮುಚ್ಚಿಟ್ಟು ಎದ್ದು ಓಡಾಡಿದೆ. 'ಸಂಸ್ಕಾರ' ಓದಿದವರಿಗೆ ಪ್ರಾಣೇಶಾಚಾರ್ಯರು ನೆನಪಾಗಬಹುದು. ಆದರೆ ಅವರು ಅಗ್ರಹಾರ ಬಿಟ್ಟು ನಡೆಯುತ್ತಾರೆ, ಇವನು ಊರು ಎಷ್ಟೇ ಆಡಿಕೊಂಡರೂ ಮನೆಮನೆ ಸುತ್ತುತ್ತಲೇ ಇರುತ್ತಾನೆ. ಕೊನೆಗೆ ವೈದ್ಯರ ಹತ್ತಿರ ಲಿಲ್ಲ್ ಪಟ್ಟಣಕ್ಕೆ ಹೋದಾಗ ಹೊಟ್ಟೆಯ ಕ್ಯಾನ್ಸರ್ ಅಂತ ಗೊತ್ತಾಗುತ್ತದೆ. ಯಾಜಕತ್ವ ಬಿಟ್ಟ ಹಳೆಯ ಸಹಪಾಠಿಯ ಮನೆಯಲ್ಲಿ ಸಾಯುತ್ತಾನೆ. ಬೇರೆ ಗುರು ಬರುವುದು ತಡವಾಗುತ್ತದೆ. ಸಾಯುವ ಹೊತ್ತಿನಲ್ಲಿ ಕೆಲಸ ಬಿಟ್ಟ ಯಾಜಕನೂ ಪಾಪಕ್ಷಮೆ ಕೊಡಬಹುದು ಅನ್ನುವುದು ಧರ್ಮಸಭೆಯ ನಿಯಮ. ಆ ಗೆಳೆಯ ಅಳುಕುತ್ತಲೇ ಕೊಡುತ್ತಾನೆ. ಎಲ್ಲವೂ ಕೃಪೆಯೇ ಅನ್ನುವುದು ಇವನ ಕೊನೆ ಮಾತು. ಮೊದಲ ಪುಟದಲ್ಲಿ ಈ ಮಾತು ಇದ್ದಿದ್ದರೆ ನಾನು ಮೂಗು ಮುರಿಯುತ್ತಿದ್ದೆ. ಅಷ್ಟೆಲ್ಲ ಓದಿ ಬಂದ ಮೇಲೆ ನಂಬಿದೆ.

ಸುಲಭದ ಓದಲ್ಲ ಅಂತ ಎಚ್ಚರಿಕೆ ಕೊಡಬೇಕು. ಪಕ್ಕದ ಟೋರ್ಸಿ ಊರಿನ ಹಿರಿಯ ಗುರು ಬಂದು ಕೂತರೆ ಪುಟಗಟ್ಟಲೆ ಮಾತಾಡುತ್ತಾರೆ. ಚೆನ್ನಾಗಿ ಮಾತಾಡುತ್ತಾರೆ, ಆದರೂ ಉದ್ದ. ಪಮೇಲಾ ಮಾರಿಸ್ ಅವರ ಇಂಗ್ಲಿಷ್ ಅನುವಾದ 1937ರದ್ದು, ಅಲ್ಲಲ್ಲಿ ಹಳೆಯದಾಗಿದೆ. ನನಗೆ ಬಂದ ಪ್ರತಿಯ ಅಕ್ಷರ ಸಣ್ಣ, ಆನ್‌ಲೈನ್‌ನಲ್ಲಿ ಮಾರಿದವರು ಮೂಲೆ ಮಡಚಿ ಕಳಿಸಿದ್ದರು. ಬದಲಾಯಿಸುವ ಗೋಜಿಗೆ ಹೋಗಲಿಲ್ಲ. ಓದುವ ಕಷ್ಟ ಬೇಡ ಅನ್ನುವವರಿಗೆ ರಾಬರ್ಟ್ ಬ್ರೆಸ್ಸಾನ್ 1951ರಲ್ಲಿ ಮಾಡಿದ ಸಿನಿಮಾ ಇದೆ.

ತಂಗಿಯ ಮಗನಿಗೆ ಕೊಡುವುದು ಬೆರ್ನಾನೋಸ್. ದೀಕ್ಷೆಯ ದಿನ ಕೊಡುವುದಿಲ್ಲ, ಅವತ್ತು ಅವನಿಗೆ ಹಾರ ತೆಗೆದಿಡಲೂ ಪುರುಸೊತ್ತು ಇರುವುದಿಲ್ಲ. ಯಾವುದಾದರೂ ಕೇಂದ್ರಕ್ಕೆ ಹಾಕಿದ ಮೇಲೆ, ಮೊದಲ ಮಳೆಗಾಲ ಕಳೆಯಲಿ, ಹೊಸ ಪ್ರತಿ ಕಳಿಸುತ್ತೇನೆ. ಹರ್ಬರ್ಟ್ ನಮ್ಮ ಚರ್ಚಿನ ಲೈಬ್ರರಿಗೆ. ಕ್ರಿಸೋಸ್ತೊಮ್ ಮಾತ್ರ ಪಾಲನಾ ಸಮಿತಿಯವರು ಓದಬೇಕು. ಆ ಅರ್ಧ ನಗೆಯ ಪುಟಗಳನ್ನು ಜೆರಾಕ್ಸ್ ಮಾಡಿಸಿ ಮುಂದಿನ ಸಭೆಗೆ ಒಯ್ಯುತ್ತೇನೆ, ಖರ್ಚು ನನ್ನದೇ.