ಡಾಕ್ಟರ್ ಸೆಟ್: ಸ್ಟೆತಸ್ಕೋಪಿಗೆ ಸೊನ್ನೆ, ಸಿರಿಂಜಿಗೆ ಪೂರ್ತಿ ಅಂಕ

ಮೂರೂವರೆ ವರ್ಷದ ಮಗಳಿಗೆ ಸೂಜಿ ಅಂದರೆ ಪ್ರಾಣ ಹೋಗುವಷ್ಟು ಭಯ. ಹೋದ ಸಲ ರಕ್ತಪರೀಕ್ಷೆಗೆ ಹೋದಾಗ ನರ್ಸ್ ಕೈ ಕಚ್ಚಿಬಿಟ್ಟಳು. ಹಾಗಾಗಿ ಈ ಪ್ಲಾಸ್ಟಿಕ್ ಸೆಟ್ ತಂದಿದ್ದು. ಎರಡು ತಿಂಗಳಾಯಿತು.

ಡಬ್ಬಿಯ ಮೇಲೆ ದೊಡ್ಡದಾಗಿ ಮೆರೆಯುವುದು ಸ್ಟೆತಸ್ಕೋಪ್. ಬಟನ್ ಒತ್ತಿದರೆ ಲಬ್‌ಡಬ್, ಕೆಂಪು ಲೈಟು. ಶುದ್ಧ ದಂಡ. ಗೊಂಬೆ ಕರಡಿಯ ಎದೆಗಿಟ್ಟರೂ ಲಬ್‌ಡಬ್, ಗೋಡೆಗಿಟ್ಟರೂ ಲಬ್‌ಡಬ್. ಇವಳು ಕಲ್ಪಿಸಿಕೊಳ್ಳುವುದಕ್ಕೆ ಏನೂ ಉಳಿದಿಲ್ಲ. ಮಾರನೆಯ ದಿನವೇ ಮೂಲೆ ಸೇರಿತು. ಈಗ ಹಳೇ ಶೂ ಲೇಸನ್ನು ಕೊರಳಿಗೆ ಹಾಕಿಕೊಂಡು, "ಇವನ ಹೊಟ್ಟೇಲಿ ಮಳೆ ಬರ್ತಿದೆ" ಅನ್ನುತ್ತಾಳೆ. ಥರ್ಮಾಮೀಟರು, ಕನ್ನಡಕ ಪರವಾಗಿಲ್ಲ.

ಸಿರಿಂಜು ಮಾತ್ರ ಬಂಗಾರ. ಮೊಂಡು ತುದಿ, ಒತ್ತಿದರೆ ಸಣ್ಣಗೆ 'ಟಕ್' ಅನ್ನುತ್ತದೆ. ಮೊದಲ ವಾರ ಕರಡಿಯನ್ನು ನನ್ನ ತೊಡೆ ಮೇಲೆ ಕೂರಿಸಿ, "ಗಟ್ಟಿಯಾಗಿ ಹಿಡ್ಕೋ ಅಪ್ಪ, ಒದೀತಾನೆ" ಅಂತ ಸಿಟ್ಟಿನಿಂದ ಚುಚ್ಚಿದ್ದೇ ಚುಚ್ಚಿದ್ದು. ನಿಲ್ಲಿಸೋಣ ಅನ್ನಿಸಿತು, ತಡೆದುಕೊಂಡೆ. ಆಮೇಲೆ ತಾನಾಗಿಯೇ ನಿಧಾನವಾದಳು. "ಒಂದ್ಸಲ ಉರಿಯತ್ತೆ, ಆಮೇಲೆ ಹೋಗತ್ತೆ" ಅಂತ ಕರಡಿಯ ಕಿವಿಯಲ್ಲಿ ಹೇಳತೊಡಗಿದಳು.

ಒಂದು ಸಂಜೆ ನಾನೇ ರೋಗಿ. "ನಂಗೇನೂ ಭಯ ಇಲ್ಲಪ್ಪ" ಅಂದೆ. ಹುಬ್ಬು ಗಂಟಿಕ್ಕಿದಳು. "ಇದೆ. ಭಯ ಇದೆ ಅನ್ನು" ಅಂದಳು. ಹಾಗೇ ಅಂದೆ. ಮೊಣಕೈ ಸವರಿದಳು. "ಅಳ್ಬೇಕು ಅನ್ಸಿದ್ರೆ ಅಳು. ಕೈ ಮಾತ್ರ ಅಲ್ಲಾಡಿಸ್ಬೇಡ." ಅವತ್ತು ಆಸ್ಪತ್ರೆಯಲ್ಲಿ ನಾನು ಅವಳಿಗೆ ಹೇಳಿದ್ದು "ನೋವೇ ಆಗಲ್ಲ" ಅಂತ.

ಆಟದಲ್ಲಿ ರೋಗಿಯಾದ ಮಗು ರೋಗಿಯಾಗಿ ಅಳುತ್ತದೆ, ಆಡುವ ಮಗುವಾಗಿ ಅದೇ ಹೊತ್ತಿಗೆ ಖುಷಿಪಡುತ್ತದೆ ಎಂಬ ಮಾತು ಸೋವಿಯತ್ ಮನಃಶಾಸ್ತ್ರಜ್ಞ ವೈಗೋಟ್ಸ್ಕಿಯ 1933ರ ಉಪನ್ಯಾಸದಲ್ಲಿದೆ. ನನ್ನ ಮುಂದೆ ನಡೆದದ್ದೂ ಅದೇ. ಆದರೆ ಡಬ್ಬಿಯ ಮೇಲೆ 'ಭಾವನಾತ್ಮಕ ಬುದ್ಧಿವಂತಿಕೆ ಬೆಳೆಸುತ್ತದೆ' ಅಂತ ಗ್ಯಾರಂಟಿ ಕೊಟ್ಟಿದ್ದಾರಲ್ಲ, ಅದು ಅತಿಯಾಯಿತು. ಮನಃಶಾಸ್ತ್ರಜ್ಞೆ ಆಂಜಲೀನ್ ಲಿಲಾರ್ಡ್ ಮತ್ತು ಸಂಗಡಿಗರು ಇಂಥ ನಟನೆಯ ಆಟಗಳ ಬಗ್ಗೆ ಅದುವರೆಗೆ ನಡೆದ ಸಂಶೋಧನೆಗಳನ್ನು ಜರಡಿ ಹಿಡಿದು, ಅಷ್ಟು ಗಟ್ಟಿಯಾಗಿ ಹೇಳಲು ಪುರಾವೆ ಸಾಲದು ಅಂತ 2013ರಲ್ಲೇ ಬರೆದಿದ್ದಾರೆ.

ಮೊನ್ನೆ ಮತ್ತೆ ರಕ್ತಪರೀಕ್ಷೆ ಇತ್ತು. ಅತ್ತಳು, ಚೆನ್ನಾಗಿಯೇ ಅತ್ತಳು. ಕಚ್ಚಲಿಲ್ಲ. "ಮೊದ್ಲು ಕರಡಿಗೆ" ಅಂದಳು. ನರ್ಸ್ ಪಾಪ, ಅದರ ಕೈಗೂ ಹತ್ತಿ ಒರೆಸಿದರು.

ತೆಗೆದುಕೊಳ್ಳುವುದಾದರೆ ಬ್ಯಾಟರಿ ಇಲ್ಲದ ಸೆಟ್ಟನ್ನೇ ನೋಡಿ. ಕರಡಿ ಅದರ ಜೊತೆ ಬರುವುದಿಲ್ಲ, ನೀವೇ ಹೊಂದಿಸಿಕೊಳ್ಳಬೇಕು.