ಸಿಂಹಾಸನ, ಮರ, ಮದ್ದು: ಮೂರು ಆಟಗಳ ಧರ್ಮಸಂಕಟಗಳನ್ನು ಎರಡೂ ಕಡೆಯಿಂದ ಆಡಿ ನೋಡಿದಾಗ

ರೋಲ್ ಪ್ಲೇಯಿಂಗ್ ಆಟಗಳು, ಎಂದರೆ ಕಥೆಯ ಪಾತ್ರವೊಂದಾಗಿ ನಾವೇ ತೀರ್ಮಾನಗಳನ್ನು ಕೈಗೊಳ್ಳುತ್ತ ಆಡುವ ವಿಡಿಯೋ ಆಟಗಳು, ನಮ್ಮ ಮುಂದಿಡುವ ಧರ್ಮಸಂಕಟಗಳಲ್ಲಿ ಯಾವುದಕ್ಕೆ ನಿಜವಾದ ತೂಕವಿದೆ, ಯಾವುದು ಬರಿಯ ತೋರಿಕೆ ಎಂಬುದನ್ನು ಒಂದೇ ಸಲ ಆಡಿ ಹೇಳಲಾಗುವುದಿಲ್ಲ. ಆರಿಸಿಕೊಂಡ ದಾರಿಯ ಫಲ ಕಣ್ಣಿಗೆ ಬೀಳುತ್ತದೆ, ಬಿಟ್ಟ ದಾರಿಯದು ಊಹೆಯಾಗಿಯೇ ಉಳಿಯುತ್ತದೆ. ಆದ್ದರಿಂದ ಮೂರು ಪ್ರಸಿದ್ಧ ಸಂದರ್ಭಗಳನ್ನು ತೆಗೆದುಕೊಂಡು, ಕವಲೊಡೆಯುವ ಜಾಗದಲ್ಲಿ ಬೇರೆ ಬೇರೆ ಸೇವ್ ಫೈಲ್‌ಗಳನ್ನು (ಆಟವನ್ನು ಆ ಹಂತದಿಂದ ಮತ್ತೆ ಲೋಡ್ ಮಾಡಿ ಆಡಲು ಕಾಪಿಟ್ಟ ದಾಖಲೆಗಳನ್ನು) ಇಟ್ಟುಕೊಂಡು, ಎರಡೂ ಕಡೆಯ ಪರಿಣಾಮಗಳನ್ನು ಕೊನೆಯವರೆಗೆ ನೋಡಿದ್ದೇನೆ. ಮೊದಲ ಸಲ ಆಡುವಾಗ ಏನೇ ಆದರೂ ಹಿಂದಕ್ಕೆ ಹೋಗಿ ಲೋಡ್ ಮಾಡಬಾರದು ಎಂಬುದೊಂದೇ ನಾನು ಹಾಕಿಕೊಂಡ ನಿಯಮ. ಮುಂದೆ ಬರುವ ವಿವರಗಳಲ್ಲಿ ಮೂರೂ ಆಟಗಳ ಕಥೆ ಬಯಲಾಗುತ್ತದೆ. ಇನ್ನೂ ಆಡದವರು ಇದನ್ನು ತಿಳಿದೇ ಮುಂದುವರಿಯಬೇಕು.

ಹೋಲಿಕೆಗೆ ತೆಗೆದುಕೊಂಡವು ಇವು: ಬಯೋವೇರ್ 2009ರಲ್ಲಿ ಹೊರತಂದ ‘ಡ್ರ್ಯಾಗನ್ ಏಜ್: ಒರಿಜಿನ್ಸ್’ನಲ್ಲಿ ಕುಬ್ಜರ ನಗರವಾದ ಆರ್ಜಮ್ಮರ್‌ನ ಸಿಂಹಾಸನದ ಜಗಳ, ಪೋಲೆಂಡಿನ ಸಿಡಿ ಪ್ರಾಜೆಕ್ಟ್ ರೆಡ್ 2015ರಲ್ಲಿ ತಂದ ‘ದಿ ವಿಚರ್ 3’ರಲ್ಲಿ ಮರದ ಬೇರುಗಳಡಿ ಸೆರೆಯಾದ ಶಕ್ತಿಯ ಪ್ರಸಂಗ, ಮತ್ತು ಬಯೋವೇರ್‌ನದೇ ‘ಮಾಸ್ ಎಫೆಕ್ಟ್’ ಸರಣಿಯ ಮೂರನೆಯ ಆಟದಲ್ಲಿ, 2012ರದ್ದು, ಕ್ರೋಗನ್ ಎಂಬ ಅನ್ಯಗ್ರಹ ಜನಾಂಗಕ್ಕೆ ಮದ್ದು ಕೊಡಬೇಕೋ ಬೇಡವೋ ಎಂಬ ಪ್ರಶ್ನೆ.

ಮಾಸ್ ಎಫೆಕ್ಟ್ ಕುರಿತ ನನ್ನ ದೂರನ್ನು ಮೊದಲೇ ಹೇಳಿಬಿಡುತ್ತೇನೆ. ಈ ಸರಣಿ ನಾಯಕ ಶೆಪರ್ಡ್‌ನ ನಡತೆಯನ್ನು ಪ್ಯಾರಗಾನ್ (ಮೃದು ನಡತೆ, ನೀಲಿ ಬಣ್ಣ), ರೆನಿಗೇಡ್ (ಕಠಿಣ ನಡತೆ, ಕೆಂಪು ಬಣ್ಣ) ಎಂಬ ಎರಡು ಅಂಕಪಟ್ಟಿಗಳಲ್ಲಿ ಅಳೆಯುತ್ತದೆ. ಎರಡನೆಯ ಆಟದಲ್ಲಂತೂ, ಒಂದು ಪಟ್ಟಿಯಲ್ಲಿ ಸಾಕಷ್ಟು ಅಂಕ ಸೇರಿಸಿಕೊಳ್ಳದಿದ್ದರೆ ಮನವೊಲಿಸುವ ಮಾತುಗಳು ತೆರೆಯ ಮೇಲೆ ಮಸುಕಾಗಿಯೇ ಉಳಿಯುತ್ತವೆ. ನಾನು ಮೊದಲ ಸಲ ಪ್ರತಿಯೊಂದು ಸಂದರ್ಭವನ್ನೂ ಅದರದೇ ನೆಲೆಯಲ್ಲಿ ತೂಗಿ, ಒಮ್ಮೆ ಮೃದುವಾಗಿ ಒಮ್ಮೆ ಕಠಿಣವಾಗಿ ನಡೆದುಕೊಂಡೆ. ಬಾಹ್ಯಾಕಾಶ ಹಡಗಿನಲ್ಲಿ ಶೆಪರ್ಡ್‌ನ ತಂಡದ ಮಿರಾಂಡಾ ಮತ್ತು ಜ್ಯಾಕ್ ಎಂಬ ಇಬ್ಬರು ಹೆಂಗಸರು ಕಾದಾಡಿದಾಗ ಇಬ್ಬರನ್ನೂ ಸಮಾಧಾನಪಡಿಸುವ ಮಾತು ನನಗೆ ದಕ್ಕಲಿಲ್ಲ. ಒಬ್ಬಳ ನಿಷ್ಠೆ ಕಳೆದುಹೋಯಿತು, ಕೊನೆಯ ಕಾಳಗದಲ್ಲಿ ಆ ನಿಷ್ಠೆಗೆ ಜೀವದ ಬೆಲೆಯಿತ್ತು. ಎರಡನೆಯ ಸಲ ಯೋಚನೆಯನ್ನೇ ಬಿಟ್ಟು ನೀಲಿ ಬಣ್ಣದ ಉತ್ತರಗಳನ್ನಷ್ಟೇ ಒತ್ತುತ್ತ ಹೋದಾಗ ಎಲ್ಲವೂ ಸಲೀಸಾಯಿತು. ಆಳವಾಗಿ ಯೋಚಿಸಿದವನನ್ನು ದಂಡಿಸಿ, ಯೋಚಿಸದೆ ಒಂದೇ ಬಣ್ಣ ಹಿಡಿದವನಿಗೆ ಬಹುಮಾನ ಕೊಡುವ ವ್ಯವಸ್ಥೆಯಲ್ಲಿ ಧರ್ಮಸಂಕಟಕ್ಕೆ ಜಾಗವೆಲ್ಲಿ ಎಂದು ಆಗಲೇ ಅನ್ನಿಸಿತ್ತು.

ಆದರೂ ಅದೇ ಸರಣಿಯಲ್ಲಿ ಕ್ರೋಗನ್ನರ ತಾಯ್ನೆಲವಾದ ಟುಚಾಂಕಾ ಗ್ರಹದ ಪ್ರಸಂಗ ಈ ಅಂಕಪಟ್ಟಿಯನ್ನು ಮೀರಿ ನಿಲ್ಲುತ್ತದೆ. ರಾಕ್ನಿಗಳೆಂಬ ಶತ್ರುಗಳ ವಿರುದ್ಧ ಹೋರಾಡಲೆಂದು ಸಲೇರಿಯನ್ನರೆಂಬ ಇನ್ನೊಂದು ಅನ್ಯಗ್ರಹ ಜನಾಂಗದವರು ಕ್ರೋಗನ್ನರನ್ನು ಮೇಲೆತ್ತಿದರು. ಯುದ್ಧ ಗೆದ್ದ ಮೇಲೆ ಕ್ರೋಗನ್ನರು ಉಳಿದವರ ಮೇಲೆಯೇ ತಿರುಗಿಬಿದ್ದಾಗ, ಸಾವಿರ ಗರ್ಭಗಳಲ್ಲಿ ಒಂದಷ್ಟೇ ಉಳಿಯುವಂತೆ ಮಾಡುವ ಜೆನೊಫೇಜ್ ಎಂಬ ಸೋಂಕನ್ನು ಅವರ ಮೇಲೆ ಬಿಡಲಾಯಿತು. ಆ ಸೋಂಕನ್ನು ಪರಿಷ್ಕರಿಸಿದ ವಿಜ್ಞಾನಿಗಳಲ್ಲಿ ಒಬ್ಬನಾದ ಮಾರ್ಡಿನ್ ಈಗ ಅದರ ಮದ್ದು ಹಿಡಿದು ನಿಂತಿದ್ದಾನೆ. ಮದ್ದನ್ನು ಗುಟ್ಟಾಗಿ ಕೆಡಿಸಿದರೆ ಶೆಪರ್ಡ್‌ನ ಯುದ್ಧಕ್ಕೆ ಸೈನ್ಯ ಕಳಿಸುತ್ತೇನೆ ಎಂದು ಸಲೇರಿಯನ್ ನಾಯಕಿ ಆಮಿಷ ಒಡ್ಡುತ್ತಾಳೆ.

ಮೊದಲ ಸಲ ನಾನು ಮದ್ದನ್ನು ಹರಡಲು ಬಿಟ್ಟೆ. ಮಾರ್ಡಿನ್ ಮದ್ದು ಹರಡುವ ಗೋಪುರ ಹತ್ತಿ ಅಲ್ಲಿಯೇ ಪ್ರಾಣ ಬಿಟ್ಟ. ಆ ಸಲ ಕ್ರೋಗನ್ನರ ನಾಯಕನಾಗಿದ್ದವನು ವಿವೇಕಿಯಾದ ರೆಕ್ಸ್, ಮತ್ತು ತನ್ನ ಜನರ ನಾಳೆಯನ್ನು ಕುರಿತು ಯೋಚಿಸುವ ಕ್ರೋಗನ್ ಹೆಂಗಸು ಈವ್ ಬದುಕಿದ್ದಳು. ಅದೇ ಸನ್ನಿವೇಶವನ್ನಿಟ್ಟುಕೊಂಡು ಇನ್ನೊಂದು ಸೇವ್‌ನಲ್ಲಿ ಮದ್ದನ್ನು ಕೆಡಿಸಿದಾಗ ಮಾರ್ಡಿನ್‌ನ ಬೆನ್ನಿಗೆ ಗುಂಡು ಹೊಡೆಯಬೇಕಾಯಿತು, ಮುಂದೆ ಸತ್ಯ ತಿಳಿದು ಬಂದ ರೆಕ್ಸ್‌ನೂ ಸತ್ತ. ಇಲ್ಲಿಯವರೆಗೆ ಒಳ್ಳೆಯದು ಕೆಟ್ಟದ್ದು ಸ್ಪಷ್ಟವಾಗಿಯೇ ಇವೆ. ಮೂರನೆಯ ಪ್ರಯತ್ನ ನನ್ನ ಎಣಿಕೆಯನ್ನು ತಲೆಕೆಳಗಾಗಿಸಿತು. ಮೊದಲ ಆಟದಲ್ಲಿಯೇ ರೆಕ್ಸ್ ಸತ್ತು, ಎರಡನೆಯ ಆಟದಲ್ಲಿ ಮದ್ದಿನ ಸಂಶೋಧನೆಯ ದತ್ತಾಂಶವನ್ನು ನಾಶಮಾಡಿದ್ದರೆ, ಈವ್ ಬದುಕುವುದಿಲ್ಲ. ಸೇಡಿಗಾಗಿ ಹಪಹಪಿಸುವ ರೀವ್ ನಾಯಕನಾಗಿರುತ್ತಾನೆ. ಆಗ ಮದ್ದು ಬೇಡವೆಂದು ಮಾರ್ಡಿನ್‌ನನ್ನೇ ಒಪ್ಪಿಸಬಹುದು, ಅವನು ಬದುಕಿ ಉಳಿಯುತ್ತಾನೆ. ಮದ್ದು ಕೊಡುವುದು ಸರಿಯೇ ಎಂಬ ಪ್ರಶ್ನೆಗೆ ಉತ್ತರ, ಅದನ್ನು ಪಡೆಯುವವರನ್ನು ನಡೆಸುವವರು ಯಾರು ಎಂಬುದರ ಮೇಲೆ ನಿಂತಿದೆ, ಆ ನಾಯಕನನ್ನು ಉಳಿಸಿದ್ದೋ ಕಳೆದದ್ದೋ ವರ್ಷಗಳ ಹಿಂದೆ ನಾವೇ. ಮೂರು ಆಟಗಳಷ್ಟು ದೂರದಿಂದ ಬಂದು ತಲುಪುವ ಇಂತಹ ಫಲ ಬೇರೆಲ್ಲೂ ನನಗೆ ಸಿಕ್ಕಿಲ್ಲ. ಆದರೆ ಇದನ್ನು ಸವಿಯಲು ಮೂರೂ ಆಟಗಳನ್ನು ಮತ್ತೆ ಮತ್ತೆ ಆಡುವಷ್ಟು ಸಮಯ ಬೇಕು ಎಂಬುದೂ ನಿಜ.

ಆರ್ಜಮ್ಮರ್‌ನ ಸಂಗತಿ ಬೇರೆ ಬಗೆಯದು. ಅಲ್ಲಿ ಅಂಕಪಟ್ಟಿ ಇಲ್ಲ. ಜೊತೆಗಾರರ ಮೆಚ್ಚುಗೆ ಏರಿಳಿಯಬಹುದು, ಆದರೆ ‘ನೀನು ಮಾಡಿದ್ದು ಒಳ್ಳೆಯದು’ ಎಂದು ಆಟ ಎಲ್ಲಿಯೂ ತೀರ್ಪು ಕೊಡುವುದಿಲ್ಲ. ದೊರೆ ಎಂಡ್ರಿನ್ ತೀರಿಕೊಂಡಿದ್ದಾನೆ. ಅವನ ಮಗ ಬೆಲೆನ್ ಮತ್ತು ಹಿರಿಯ ಸರದಾರ ಹ್ಯಾರೋಮಾಂಟ್ ಸಿಂಹಾಸನಕ್ಕಾಗಿ ಪೈಪೋಟಿಗೆ ನಿಂತಿದ್ದಾರೆ. ಹ್ಯಾರೋಮಾಂಟ್ ಮಾತಿಗೆ ತಪ್ಪದವನು, ಸಭ್ಯ. ಬೆಲೆನ್ ಮೋಸಗಾರ. ಅವನ ಕಡೆಯವರು ಕೊಡುವ ಮೊದಲ ಕೆಲಸವೇ, ಹ್ಯಾರೋಮಾಂಟ್ ಒಂದೇ ಆಸ್ತಿಯನ್ನು ಇಬ್ಬರಿಗೆ ಮಾತು ಕೊಟ್ಟಿದ್ದಾನೆಂದು ತೋರಿಸುವ ಕಾಗದಗಳನ್ನು ಇಬ್ಬರು ಸರದಾರರಿಗೆ ತಲುಪಿಸುವುದು. ಮನುಷ್ಯ ಪಾತ್ರವಾಗಿ ಮೊದಲ ಸಲ ಆಡಿದಾಗ ನಾನು ಒಂದು ಕ್ಷಣವೂ ಅನುಮಾನಿಸದೆ ಹ್ಯಾರೋಮಾಂಟ್‌ನ ಪಕ್ಷ ಹಿಡಿದೆ, ಅವನ ಹೆಸರಿನಲ್ಲಿ ಅಖಾಡದಲ್ಲಿ ಹೋರಾಡಿದೆ, ಅವನ ತಲೆಗೆ ಕಿರೀಟವಿಟ್ಟೆ, ನೆಮ್ಮದಿಯಿಂದ ಹೊರಟೆ.

ಆಟ ಮುಗಿದ ಮೇಲೆ ಬರುವ ಬರಹಗಳಲ್ಲಿ ಆ ನೆಮ್ಮದಿ ಕರಗಿತು. ಹ್ಯಾರೋಮಾಂಟ್ ಹಳೆಯ ಕಟ್ಟಳೆಗಳನ್ನು ಇನ್ನಷ್ಟು ಬಿಗಿಗೊಳಿಸಿದ, ಹೊರಗಿನ ಲೋಕಕ್ಕೆ ಬಾಗಿಲು ಮುಚ್ಚಿದ, ಜಾತಿಯಿಲ್ಲದವರೆಂದು ಹೊರಗಿಟ್ಟ ಜನರ ದಂಗೆಯನ್ನು ಹತ್ತಿಕ್ಕಿದ. ಎರಡನೆಯ ಸಲ ಬೆಲೆನ್‌ಗೆ ಕಿರೀಟ ಕೊಟ್ಟೆ. ಅಧಿಕಾರ ಬಂದ ಕೂಡಲೇ ಅವನು ಹ್ಯಾರೋಮಾಂಟ್‌ನಿಗೆ ಮರಣದಂಡನೆ ವಿಧಿಸಿದ, ಆಮೇಲೆ ಸರದಾರರ ಸಭೆಯನ್ನೇ ವಿಸರ್ಜಿಸಿ ಒಬ್ಬನೇ ಆಳಿದ. ಆದರೆ ಹೊರಗಿಟ್ಟವರಿಗೆ ಹಕ್ಕುಗಳನ್ನು ಕೊಟ್ಟವನೂ ಮೇಲಿನ ಲೋಕದೊಂದಿಗೆ ವ್ಯಾಪಾರ ತೆರೆದವನೂ ಅವನೇ. ಒಳ್ಳೆಯ ಮನುಷ್ಯ ಕೆಟ್ಟ ವ್ಯವಸ್ಥೆಯನ್ನು ನಿಷ್ಠೆಯಿಂದ ಕಾಪಾಡಿದ, ಕೆಟ್ಟ ಮನುಷ್ಯ ತನ್ನ ಲಾಭಕ್ಕಾಗಿಯೇ ಇರಲಿ, ಅದನ್ನು ಒಡೆದ. ಹುಟ್ಟಿನಿಂದ ಜನರನ್ನು ಅಳೆಯುವ ಕಟ್ಟುಪಾಡನ್ನು ಹತ್ತಿರದಿಂದ ಬಲ್ಲ ನಮ್ಮಂಥವರಿಗೆ ಈ ಆಯ್ಕೆ ಕಟ್ಟುಕಥೆಯಾಗಿ ಉಳಿಯುವುದಿಲ್ಲ. ಮುಖದ ಮೇಲೆ ಗುರುತು ಹೊತ್ತು ಡಸ್ಟ್ ಟೌನ್‌ನಲ್ಲಿ ಬದುಕುವವರ ಬೀದಿಯಲ್ಲಿ ಮೊದಲ ಸಲ ನಾನು ವ್ಯಾಪಾರಕ್ಕಷ್ಟೇ ಹೋಗಿಬಂದಿದ್ದೆ. ಹ್ಯಾರೋಮಾಂಟ್‌ನ ಸಭ್ಯತೆಗೆ ಮಾರುಹೋಗುವ ಮುನ್ನ ಆ ಬೀದಿಯಲ್ಲಿ ನಿಂತು ಯೋಚಿಸಬೇಕಿತ್ತು ಎಂಬ ನೋವು ನನಗೆ ಈಗಲೂ ಇದೆ.

ಈ ಆಟದ ನಿಜವಾದ ಹೆಚ್ಚುಗಾರಿಕೆ ಇನ್ನೊಂದಿದೆ: ಅದೇ ಆಯ್ಕೆ, ನಾವು ಯಾರಾಗಿ ಹುಟ್ಟಿದ್ದೇವೆ ಎಂಬುದರ ಮೇಲೆ ಬೇರೆಯೇ ಆಗುತ್ತದೆ. ಹೊರಗಿಟ್ಟ ಕುಬ್ಜನಾಗಿ ಆರಂಭಿಸಿದರೆ ನಮ್ಮ ಅಕ್ಕ ರೀಕಾ ಬೆಲೆನ್‌ನ ಮನೆ ಸೇರಿ ಅವನ ಮಗುವಿನ ತಾಯಿಯಾಗಿರುತ್ತಾಳೆ. ಅವನು ಗೆದ್ದರೆ ನಮ್ಮವಳ ಬದುಕು ಉಳಿಯುತ್ತದೆ. ರಾಜಮನೆತನದ ಕುಬ್ಜನಾಗಿ ಆರಂಭಿಸಿದರೆ ಬೆಲೆನ್ ನಮ್ಮ ಸ್ವಂತ ತಮ್ಮ. ಅಣ್ಣ ಟ್ರಿಯಾನ್‌ನ ಕೊಲೆಯನ್ನು ನಮ್ಮ ತಲೆಗೆ ಕಟ್ಟಿ ಗಡೀಪಾರು ಮಾಡಿಸಿದವನು ಅವನೇ. ನಾನು ಎರಡೂ ರೀತಿ ಆಡಿದೆ. ಅಕ್ಕನ ಸಲುವಾಗಿ ಬೆಲೆನ್‌ನನ್ನು ಆರಿಸುವುದು ಸುಲಭವಾಗಿತ್ತು. ನನ್ನನ್ನು ಹಾಳುಮಾಡಿದ ತಮ್ಮನ ಕೈಗೆ ಜನರ ಒಳಿತಿಗೆಂದು ಕಿರೀಟ ಕೊಡುವುದು ಎಷ್ಟು ಕಷ್ಟವೆಂದರೆ, ಆ ರಾತ್ರಿ ಕಂಪ್ಯೂಟರ್ ಆರಿಸಿ ಮಲಗಿದೆ, ಕಿರೀಟವನ್ನು ಮಾರನೆಯ ದಿನ ಕೊಟ್ಟೆ.

ಕೊರತೆಯನ್ನೂ ಹೇಳಬೇಕು. ಫಲವೆಲ್ಲ ಆಟ ಮುಗಿದ ಮೇಲೆ ಅಕ್ಷರಗಳಲ್ಲಿ ಬರುತ್ತದೆ. ಬದಲಾದ ಬೀದಿಯನ್ನು ನಡೆದು ನೋಡುವ ಅವಕಾಶವಿಲ್ಲ. ಇದೇ ಆಟದ ರೆಡ್‌ಕ್ಲಿಫ್‌ನಲ್ಲಿ ಇನ್ನೂ ದೊಡ್ಡ ತಪ್ಪಿದೆ. ಪಿಶಾಚಿ ಹೊಕ್ಕ ಹುಡುಗ ಕಾನರ್‌ನನ್ನು ಕೊಲ್ಲಬೇಕೋ, ಅವನ ತಾಯಿಯನ್ನು ಬಲಿಕೊಡಬೇಕೋ ಎಂದು ಕೇಳಿ ಎದೆ ನಡುಗಿಸಿದ ಮೇಲೆ, ಮಾಂತ್ರಿಕರ ಗೋಪುರದಿಂದ ನೆರವು ತಂದರೆ ಯಾರೂ ಸಾಯಬೇಕಿಲ್ಲ ಎಂಬ ಮೂರನೆಯ ದಾರಿ ತೆರೆಯುತ್ತದೆ. ಹೋಗಿಬರುವಷ್ಟರಲ್ಲಿ ಊರಿಗೆ ಏನಾದರೂ ಆದೀತೆಂದು ನಾನು ಹೆದರಿದ್ದೆ, ಏನೂ ಆಗಲಿಲ್ಲ. ಬೆಲೆಯಿಲ್ಲದ ಮೂರನೆಯ ದಾರಿ ಉಳಿದೆರಡನ್ನೂ ಅರ್ಥಹೀನ ಮಾಡುತ್ತದೆ.

ವಿಚರ್ 3 ಆ ತಪ್ಪನ್ನು ಮಾಡುವುದಿಲ್ಲ. ಯುದ್ಧದಲ್ಲಿ ಬೆಂದ ವೆಲೆನ್ ನಾಡಿನ ಜೌಗಿನಲ್ಲಿ ಮೂವರು ಮಾಟಗಾತಿಯರಿದ್ದಾರೆ. ಅವರ ಹಿಡಿತದಲ್ಲಿ ಅನಾಥ ಮಕ್ಕಳಿದ್ದಾರೆ, ಮಕ್ಕಳನ್ನು ನೋಡಿಕೊಳ್ಳುವ ಅನ್ನಾ ಎಂಬಾಕೆ ಇದ್ದಾಳೆ. ಆಕೆ ಕುಡುಕ ಗಂಡನ ಹೊಡೆತ ತಾಳದೆ ಮನೆಬಿಟ್ಟವಳು. ಬ್ಲಡಿ ಬ್ಯಾರನ್ ಎಂದು ಕರೆಸಿಕೊಳ್ಳುವ ಆ ಗಂಡನೇ ಹೆಂಡತಿ ಮಗಳನ್ನು ಹುಡುಕಿಕೊಡೆಂದು ನಾಯಕ ಗೆರಾಲ್ಟ್‌ನನ್ನು ಬೇಡಿದ್ದಾನೆ. ಡೌನ್‌ವಾರೆನ್ ಎಂಬ ಹಳ್ಳಿಯನ್ನು ಕಾಡುತ್ತಿರುವ, ಗುಡ್ಡದ ಮರದಡಿಯ ಶಕ್ತಿಯನ್ನು ಕೊಲ್ಲು ಎಂದು ಮಾಟಗಾತಿಯರು ಕಳಿಸುತ್ತಾರೆ. ಆ ಶಕ್ತಿಯೋ, ‘ನನ್ನನ್ನು ಬಿಡಿಸಿದರೆ ಮಕ್ಕಳನ್ನು ಉಳಿಸುತ್ತೇನೆ’ ಎನ್ನುತ್ತದೆ. ಅದರ ಮಾತು ಸತ್ಯವೋ ಸುಳ್ಳೋ ತಿಳಿಯುವ ಉಪಾಯವಿಲ್ಲ.

ಮೊದಲ ಸಲ ನಾನು ಕೊಂದೆ. ನಂಬಿಕೆಗೆ ಅರ್ಹವಲ್ಲದ್ದನ್ನು ನಾಡಿಗೆ ಬಿಡಬಾರದೆಂಬುದು ಆಗಿನ ತರ್ಕ. ಗಂಟೆಗಟ್ಟಲೆ ಬೇರೆ ಕೆಲಸಗಳನ್ನು ಮುಗಿಸಿ ಜೌಗಿಗೆ ಮರಳಿದಾಗ ಮಕ್ಕಳಿರಲಿಲ್ಲ. ಬದುಕಿದ್ದ ಅನ್ನಾಳ ಬುದ್ಧಿ ಕೆಟ್ಟಿತ್ತು. ಬ್ಯಾರನ್ ಆಕೆಯನ್ನು ಕರೆದುಕೊಂಡು ದೂರದ ಬೆಟ್ಟಗಳಲ್ಲಿರುವ ವೈದ್ಯನೊಬ್ಬನನ್ನು ಹುಡುಕಿ ಹೊರಟ, ಅವನ ಕೋಟೆಯನ್ನು ಕೈಗೆ ತೆಗೆದುಕೊಂಡ ಅವನ ಆಳುಗಳು ರೈತರನ್ನು ಇನ್ನಷ್ಟು ಹಿಂಡಿದರು. ಪಕ್ಕದಲ್ಲಿ ಕೂತು ನೋಡುತ್ತಿದ್ದ ನನ್ನ ತಮ್ಮ, “ಅಣ್ಣ, ಆ ಮಕ್ಕಳು ಎಲ್ಲಿ?” ಎಂದು ಕೇಳಿದ. ಅವನಿಗೆ ಉತ್ತರ ಹೇಳಲು ನನಗೆ ಬಾಯಿ ಬರಲಿಲ್ಲ. ಎರಡನೆಯ ಸಲ ಶಕ್ತಿಯನ್ನು ಬಿಡಿಸಿದೆ. ಅದು ಮಾತು ಉಳಿಸಿಕೊಂಡಿತು, ಮಕ್ಕಳು ಬದುಕಿದರು. ಆದರೆ ಡೌನ್‌ವಾರೆನ್‌ನ ಜನ ಹತರಾದರು. ಕೋಪಗೊಂಡ ಮಾಟಗಾತಿಯರು ಅನ್ನಾಳನ್ನು ನೀರಿನ ಪಿಶಾಚಿಯಾಗಿಸಿದರು. ಶಾಪ ಬಿಡಿಸಿದರೂ ಆಕೆ ಉಳಿಯಲಿಲ್ಲ, ಬ್ಯಾರನ್ ತನ್ನ ಅಂಗಳದ ಮರಕ್ಕೆ ನೇಣು ಹಾಕಿಕೊಂಡ.

ಇಲ್ಲಿ ಫಲ ತಡವಾಗಿ ಬರುವುದೇ ಆಟದ ಬಲ. ತಪ್ಪು ತಿಳಿಯುವ ಹೊತ್ತಿಗೆ ಹಿಂದಕ್ಕೆ ಲೋಡ್ ಮಾಡಿಕೊಳ್ಳಬೇಕೆಂದರೆ ಎರಡು ಮೂರು ಸಂಜೆಗಳ ಆಟವನ್ನೇ ಕಳೆದುಕೊಳ್ಳಬೇಕು, ಹಾಗಾಗಿ ಆದದ್ದನ್ನು ಹೊತ್ತುಕೊಂಡೇ ನಡೆಯುತ್ತೇವೆ. ಫಲ ಬರುವುದು ಅಕ್ಷರಗಳಲ್ಲಿ ಅಲ್ಲ, ಖಾಲಿ ಗುಡಿಸಲುಗಳಾಗಿ, ಹಗ್ಗಕ್ಕೆ ತೂಗುವ ದೇಹವಾಗಿ. ಈ ದೃಷ್ಟಿಯಲ್ಲಿ ಆರ್ಜಮ್ಮರ್‌ಗಿಂತ ಇದು ಬಹಳ ಮುಂದಿದೆ. ಆದರೆ ನ್ಯಾಯದ ಮಾತು ಬಂದರೆ ನನ್ನ ಒಲವು ಆರ್ಜಮ್ಮರ್‌ನ ಕಡೆಗೇ. ಮರದಡಿಯ ಶಕ್ತಿಯನ್ನು ಬಿಡಿಸುವುದಕ್ಕೂ ಬ್ಯಾರನ್‌ನ ಸಾವಿಗೂ ಇರುವ ನಂಟನ್ನು ಮುಂಚೆಯೇ ಊಹಿಸಲು ಯಾವ ಆಟಗಾರನಿಂದಲೂ ಆಗದು. ಅಲ್ಲಿ ನಾವು ತೂಗುವುದಿಲ್ಲ, ಒಂದನ್ನು ನಂಬಿ ಕಣ್ಣು ಮುಚ್ಚಿ ಹಾರುತ್ತೇವೆ. ಆರ್ಜಮ್ಮರ್‌ನಲ್ಲಿ ಬೇಕಾದ ಸಾಕ್ಷ್ಯವೆಲ್ಲ ಬೀದಿಯಲ್ಲಿಯೇ ಬಿದ್ದಿರುತ್ತದೆ. ಹೊರಗಿಟ್ಟವರ ಕೇರಿ ಕಾಣುತ್ತದೆ, ಹ್ಯಾರೋಮಾಂಟ್ ಸಂಪ್ರದಾಯವನ್ನು ಹೊಗಳುವುದು ಕೇಳುತ್ತದೆ, ಬೆಲೆನ್‌ನ ಕೈಯ ರಕ್ತವೂ ಮರೆಯಲ್ಲಿಲ್ಲ. ತಪ್ಪಿದರೆ ಅದು ನೋಡದ ನಮ್ಮದೇ ತಪ್ಪು.

ಈ ಮೂರರಲ್ಲಿ ಒಂದನ್ನಷ್ಟೇ ಆಡಲು ಬಿಡುವಿರುವವರಿಗೆ ನಾನು ಡ್ರ್ಯಾಗನ್ ಏಜ್ ಅನ್ನೇ ಹೇಳುತ್ತೇನೆ, ಅದರಲ್ಲಿಯೂ ಹೊರಗಿಟ್ಟ ಕುಬ್ಜನಾಗಿ ಆರಂಭಿಸಿ ಎನ್ನುತ್ತೇನೆ. ವಿಚರ್ 3 ಆಡುವವರು ಮರದ ಮುಂದೆ ಒಂದು ಸೇವ್ ಇಟ್ಟುಕೊಳ್ಳಲಿ, ಆದರೆ ಮೊದಲ ಸುತ್ತಿನಲ್ಲಿ ಅದನ್ನು ಮುಟ್ಟದಿರಲಿ. ನನ್ನ ತಮ್ಮ ಈಗ ತಾನೇ ಆ ಆಟ ಶುರುಮಾಡಿದ್ದಾನೆ. ಮಕ್ಕಳು ಉಳಿಯಲೇಬೇಕೆಂದು ಅವನು ಮೊದಲೇ ನಿರ್ಧರಿಸಿಬಿಟ್ಟಿದ್ದಾನೆ. ಡೌನ್‌ವಾರೆನ್‌ನ ವಿಷಯವನ್ನು ನಾನು ಅವನಿಗೆ ಹೇಳಿಲ್ಲ.