ಕಿಂಗ್ ಕ್ರಿಮ್ಸನ್‌ನ ಮೂರು ಲೈವ್ ಆಲ್ಬಮ್: ಯಾವುದನ್ನು ಯಾಕೆ ಕೇಳಬೇಕು?

1972ರ ‘ಅರ್ತ್‌ಬೌಂಡ್’, 1975ರ ‘ಯುಎಸ್‌ಎ’, 1997ರಲ್ಲಿ ಹೊರಬಂದ ‘ದಿ ನೈಟ್ ವಾಚ್’. ಮೂರೂ ಇಂಗ್ಲೆಂಡಿನ ರಾಕ್ ಬ್ಯಾಂಡ್ ಕಿಂಗ್ ಕ್ರಿಮ್ಸನ್‌ನ ಎಪ್ಪತ್ತರ ದಶಕದ ಲೈವ್ ರೆಕಾರ್ಡಿಂಗ್‌ಗಳು. ಹೋಲಿಸುವುದಕ್ಕೆ ಒಂದು ಅನುಕೂಲ ಇದೆ: ‘21ಸ್ಟ್ ಸೆಂಚುರಿ ಸ್ಕಿಜಾಯ್ಡ್ ಮ್ಯಾನ್’ ಹಾಡು ಮೂರರಲ್ಲೂ ಇದೆ. ಒಂದೇ ಹೆಡ್‌ಫೋನ್‌ನಲ್ಲಿ ಮೊದಲು ಆ ಹಾಡನ್ನೇ ಒಂದರ ಹಿಂದೆ ಒಂದು ಕೇಳಿದೆ. ಆಮೇಲೆ ಪೂರ್ತಿ ಆಲ್ಬಮ್‌ಗಳಿಗೆ ಹೋದೆ.

ಆ ಒಂದು ಹಾಡಿನ ಮಟ್ಟಿಗೆ ಗೆದ್ದಿದ್ದು ‘ಅರ್ತ್‌ಬೌಂಡ್’. ಮೂರರಲ್ಲಿ ಇದರ ಸೌಂಡೇ ತೀರಾ ಕೆಟ್ಟದ್ದು. ಅಮೆರಿಕ ಪ್ರವಾಸದಲ್ಲಿ ಮಿಕ್ಸರ್‌ನಿಂದ ನೇರವಾಗಿ ಕ್ಯಾಸೆಟ್‌ಗೆ ಇಳಿಸಿಕೊಂಡದ್ದು. ಅಮೆರಿಕದಲ್ಲಿ ಆಗ ಇದು ಬಿಡುಗಡೆಯೇ ಆಗಲಿಲ್ಲ. ಆದರೆ ಗಾಯಕ ಬಾಜ್ ಬರೆಲ್ ಇಲ್ಲಿ ಒಡಕು ದನಿಯಲ್ಲಿ ಕಿರುಚುತ್ತಾರೆ, ಮೆಲ್ ಕಾಲಿನ್ಸ್ ಸ್ಯಾಕ್ಸೊಫೋನ್ ಮೇಲೆ ಎರಗಿ ಬೀಳುತ್ತಾರೆ. ಹಾಡೇ ಸಿಟ್ಟಿನದ್ದು. ಟೇಪಿನ ಕೊಳಕು ಅದಕ್ಕೆ ಒಪ್ಪುತ್ತದೆ. ಉಳಿದ ಎರಡರಲ್ಲಿ ಸ್ಯಾಕ್ಸೊಫೋನ್ ಇಲ್ಲ. 1973-74ರ ತಂಡದಲ್ಲಿ ಅದರ ಜಾಗಕ್ಕೆ ಡೇವಿಡ್ ಕ್ರಾಸ್ ಅವರ ಪಿಟೀಲು ಬಂದಿತ್ತು.

ಆದರೆ ಪೂರ್ತಿ ಆಲ್ಬಮ್ ಕೇಳುವಾಗ ಅದೇ ಕೊಳಕು ತಿರುಗಿಬೀಳುತ್ತದೆ. ಸದ್ದು ಕಡಿಮೆಯಾದ ಕೂಡಲೇ ಎಲ್ಲ ಕಲಸಿಹೋಗುತ್ತದೆ. ‘ಗ್ರೂನ್’ ಅನ್ನೋ ಟ್ರ್ಯಾಕಿನ ಕೊನೆಯಲ್ಲಿ ಇಯಾನ್ ವಾಲೆಸ್ ಅವರ ಡ್ರಮ್ಸನ್ನು ಸಿಂಥಸೈಜರ್ ಮೂಲಕ ಹಾಯಿಸಿದ್ದಾರೆ. ಮೊದಲ ಸಲ ಮಜಾ ಬಂತು. ಈಗ ಆ ಭಾಗ ಬಂದರೆ ಸುಮ್ನೆ ಮುಂದಕ್ಕೆ ಓಡಿಸುತ್ತೇನೆ.

‘ದಿ ನೈಟ್ ವಾಚ್’ ವಿಷಯವೇ ಬೇರೆ. ಇದು 1973ರ ನವೆಂಬರ್ 23ರಂದು ಆಮ್‌ಸ್ಟರ್‌ಡ್ಯಾಮ್‌ನ ಕಾನ್ಸರ್ಟ್‌ಗೆಬೌ ಸಭಾಂಗಣದಲ್ಲಿ ನಡೆದ ಕಾರ್ಯಕ್ರಮ. ಇದರ ಕೆಲವು ಭಾಗಗಳನ್ನೇ ಚಪ್ಪಾಳೆ ತೆಗೆದು 1974ರ ‘ಸ್ಟಾರ್‌ಲೆಸ್ ಅಂಡ್ ಬೈಬಲ್ ಬ್ಲ್ಯಾಕ್’ನಲ್ಲಿ ಹಾಕಿದ್ದರು. ಆ ಆಲ್ಬಮ್ ಗೊತ್ತಿದ್ದವರಿಗೆ ‘ಫ್ರ್ಯಾಕ್ಚರ್’ ಇಲ್ಲಿ ಬಂದಾಗ ಮೈ ಜುಮ್ಮೆನ್ನುತ್ತದೆ. ರಾಬರ್ಟ್ ಫ್ರಿಪ್ ಗಿಟಾರಿನಲ್ಲಿ ಅಷ್ಟು ಕಷ್ಟದ್ದನ್ನು ಜನರ ಮುಂದೆಯೇ ನುಡಿಸಿದ್ದರು ಅನ್ನೋದು ಆಗ ನಿಜಕ್ಕೂ ಅರ್ಥವಾಗುತ್ತದೆ.

ನನಗೆ ಇದರಲ್ಲಿ ಎಲ್ಲಕ್ಕಿಂತ ಇಷ್ಟ ‘ಟ್ರಿಯೋ’. ಪಿಟೀಲು, ಬೇಸ್, ಮೆಲ್ಲಟ್ರಾನ್ (ಟೇಪಿನಲ್ಲಿ ಹಿಡಿದಿಟ್ಟ ವಾದ್ಯಗಳ ದನಿ ಹೊರಡಿಸುವ ಕೀಬೋರ್ಡ್) ಅಷ್ಟೇ. ಅಲ್ಲೇ ಹುಟ್ಟಿದ ಸಂಗೀತ. ಡ್ರಮ್ಮರ್ ಬಿಲ್ ಬ್ರೂಫೋರ್ಡ್ ಕೋಲುಗಳನ್ನು ಎದೆಯ ಮೇಲೆ ಅಡ್ಡ ಹಿಡಿದುಕೊಂಡು ಒಂದೂ ಪೆಟ್ಟು ಹಾಕದೆ ಕೂತಿದ್ದರು. ಆ ಸಂಯಮಕ್ಕೇ ಅವರ ಹೆಸರನ್ನೂ ರಚನಕಾರರ ಸಾಲಿಗೆ ಸೇರಿಸಿದರು. ಇದನ್ನು ‘ಅರ್ತ್‌ಬೌಂಡ್’ ತರಹ ಕ್ಯಾಸೆಟ್‌ನಲ್ಲಿ ಹಿಡಿದಿದ್ದರೆ ಏನು ಉಳಿಯುತ್ತಿತ್ತು ಹೇಳಿ? ಬರೀ ಟೇಪಿನ ಸುಯ್ ಸದ್ದು. ಗದ್ದಲ ಹೇಗೆ ರೆಕಾರ್ಡ್ ಆದರೂ ತಡೆದುಕೊಳ್ಳುತ್ತದೆ. ಮೆಲ್ಲಗೆ ನುಡಿಸಿದ್ದಕ್ಕೆ ಒಳ್ಳೆ ಸೌಂಡ್ ಬೇಕೇ ಬೇಕು. ಇಲ್ಲಿ ‘ಸ್ಕಿಜಾಯ್ಡ್ ಮ್ಯಾನ್’ ಕೊನೆಗೆ ಬರುತ್ತದೆ. ಗಟ್ಟಿಯಾಗಿದೆ, ಆದರೆ ‘ಅರ್ತ್‌ಬೌಂಡ್’ನ ಹುಚ್ಚು ಇಲ್ಲ.

ಇನ್ನು ‘ಯುಎಸ್‌ಎ’. ಬ್ಯಾಂಡ್ ಒಡೆದ ಮೇಲೆ ಬಂದ ಆಲ್ಬಮ್. ಜಾಸ್ತಿ ಭಾಗ 1974ರ ಜೂನ್ 28ರಂದು ನ್ಯೂಜೆರ್ಸಿಯ ಆಸ್ಬರಿ ಪಾರ್ಕ್‌ನಲ್ಲಿ ನುಡಿಸಿದ್ದು. ಆದರೆ ಕೆಲವು ಕಡೆ ಕ್ರಾಸ್ ನುಡಿಸಿದ್ದರ ಜಾಗದಲ್ಲಿ ಎಡ್ಡಿ ಜಾಬ್ಸನ್ ಆಮೇಲೆ ಸ್ಟುಡಿಯೋದಲ್ಲಿ ಪಿಟೀಲು, ಪಿಯಾನೋ ಸೇರಿಸಿದ್ದಾರೆ. ಚೆನ್ನಾಗೇ ನುಡಿಸಿದ್ದಾರೆ, ಅದರಲ್ಲಿ ಎರಡು ಮಾತಿಲ್ಲ. ಆದರೂ ಲೈವ್ ಅಂತ ಕೇಳುವಾಗ ಆ ಪಿಟೀಲು ಅಂದು ವೇದಿಕೆ ಮೇಲೆ ಇರಲೇ ಇಲ್ಲ ಅನ್ನೋದು ನನಗೆ ಮರೆಯುವುದಿಲ್ಲ.

ಇದನ್ನು ಪರೀಕ್ಷೆ ಮಾಡಿ ನೋಡಬಹುದು. ‘ಯುಎಸ್‌ಎ’ಯ ‘ಸ್ಕಿಜಾಯ್ಡ್ ಮ್ಯಾನ್’ ಜೂನ್ 30ರಂದು ಅಮೆರಿಕದ ಪ್ರಾವಿಡೆನ್ಸ್ ನಗರದಲ್ಲಿ ನಡೆದ ಕಾರ್ಯಕ್ರಮದ್ದು. ಅದೇ ಕಾರ್ಯಕ್ರಮ ಕ್ರಾಸ್ ಅವರ ಪಿಟೀಲಿನ ಸಮೇತ 1992ರ ‘ದಿ ಗ್ರೇಟ್ ಡಿಸೀವರ್’ ಬಾಕ್ಸ್ ಸೆಟ್‌ನಲ್ಲಿದೆ. ಎರಡನ್ನೂ ಕೇಳಿದೆ. ನನ್ನ ಆಯ್ಕೆ ಕ್ರಾಸ್. ಉಳಿದವರ ಆರ್ಭಟದ ನಡುವೆ ಅವರು ಜಾಗಕ್ಕಾಗಿ ಗುದ್ದಾಡುವುದು ಕೇಳಿಸುತ್ತದೆ, ಅದು ಆ ತಂಡದ ನಿಜವಾದ ಸ್ಥಿತಿ ಕೂಡ ಅಲ್ವಾ?

ಹಾಗಂತ ‘ಯುಎಸ್‌ಎ’ ಬಿಟ್ಟುಬಿಡಬೇಡಿ. ‘ಆಸ್ಬರಿ ಪಾರ್ಕ್’ ಅನ್ನೋ ಇಂಪ್ರೊವೈಸೇಶನ್‌ಗೋಸ್ಕರವಾದರೂ (ವೇದಿಕೆ ಮೇಲೆ ಆಗಲೇ ಹುಟ್ಟಿಸಿ ನುಡಿಸಿದ್ದು) ಬೇಕು. ಜಾನ್ ವೆಟನ್ ಅವರ ಬೇಸ್ ಅಲ್ಲಿ ಇಡೀ ಬ್ಯಾಂಡನ್ನು ಮುಂದಕ್ಕೆ ತಳ್ಳುತ್ತದೆ. ವಾಲ್ಯೂಮ್ ಸ್ವಲ್ಪ ಏರಿಸಿಯೇ ಕೇಳಿ.